ಸಾಕುಪ್ರಾಣಿಯ ವರ್ತನೆ ಕೆಟ್ಟಾಗ ದೋಷ ಹುಡುಕುವ ಕ್ರಮ: ಮೊದಲು ಮೈ, ಆಮೇಲೆ ಸ್ವಭಾವ

ಬೆಕ್ಕು ಹಾಸಿಗೆ ಮೇಲೆ ಉಚ್ಚೆ ಹೊಯ್ದರೆ ಸೇಡು ತೀರಿಸಿಕೊಳ್ಳುತ್ತಿದೆ ಅನ್ನುತ್ತೇವೆ. ವಯಸ್ಸಾದ ನಾಯಿ ಮಗುವನ್ನು ಕಂಡು ಗುರ್ರೆಂದರೆ ಹೊಟ್ಟೆಕಿಚ್ಚು, ಹಾಲು ಕರೆಯುವಾಗ ಹಸು ಒದ್ದರೆ ತುಂಟತನ. ಇವೆಲ್ಲ ನಿಜವೂ ಇರಬಹುದು. ಆದರೆ ಮೂತ್ರಕೋಶದ ಉರಿ, ಸೊಂಟದ ಕೀಲುನೋವು, ಕೆಚ್ಚಲು ಬಾವು ಹೊರಗೆ ಕಾಣಿಸಿಕೊಳ್ಳುವುದೂ ಹೀಗೆಯೇ. ಇಂಗ್ಲೆಂಡಿನ ಲಿಂಕನ್ ವಿಶ್ವವಿದ್ಯಾಲಯದ ಡೇನಿಯಲ್ ಮಿಲ್ಸ್ ಮತ್ತು ಸಂಗಡಿಗರು 2020ರಲ್ಲಿ ತಮ್ಮ ಬಳಿ ಬಂದ ಕೇಸುಗಳನ್ನು ಒಟ್ಟಿಗೆ ಇಟ್ಟು ನೋಡಿದರು. ವರ್ತನೆಯ ತೊಂದರೆಗೆಂದು ಬಂದ ನಾಯಿ-ಬೆಕ್ಕುಗಳಲ್ಲಿ ಕಡಿಮೆಯೆಂದರೂ ಮೂರನೇ ಒಂದು ಭಾಗದಲ್ಲಿ ನೋವಿನ ಕೈವಾಡವಿತ್ತು. ಕೆಲವು ಗುಂಪುಗಳಲ್ಲಿ ಅದು ಶೇ. 80ರ ಹತ್ತಿರ ಹೋಗಿತ್ತು.

ಆದ್ದರಿಂದ ಇಲ್ಲಿನ ಕ್ರಮ ಸರಳ. ತರಬೇತಿ, ಗದರಿಕೆ, ಮನಸ್ಸಿನ ಮದ್ದು ಯಾವುದಕ್ಕೂ ಕೈ ಹಾಕುವ ಮೊದಲು ಮೈಯಲ್ಲಿ ದೋಷವಿಲ್ಲ ಎಂದು ಖಚಿತಪಡಿಸಿಕೊಳ್ಳಿ.

ಕಾಯಬಾರದ ಸ್ಥಿತಿಗಳು

ಇವು ಕಂಡರೆ ಮುಂದಿನದನ್ನು ಆಮೇಲೆ ಓದಿ, ಮೊದಲು ಪಶುವೈದ್ಯರ ಬಳಿ ಹೋಗಿ:

- ಗಂಡು ಬೆಕ್ಕು ಪದೇಪದೇ ಮರಳಿನ ತಟ್ಟೆಗೆ (ಮಲಮೂತ್ರಕ್ಕೆಂದು ಇಟ್ಟದ್ದು) ಹೋಗಿ ಕೂರುತ್ತಿದೆ, ತಿಣುಕುತ್ತಿದೆ, ಒಂದು ಹನಿಯೂ ಬರುತ್ತಿಲ್ಲ. ಇದನ್ನು ಮಲಬದ್ಧತೆ ಎಂದುಕೊಂಡು ಒಂದು ದಿನ ಕಾದವರು ಬಹಳ. ಮೂತ್ರನಾಳ ಕಟ್ಟಿದ್ದರೆ ರಕ್ತದಲ್ಲಿ ಪೊಟ್ಯಾಸಿಯಂ ಏರಿ ಹೃದಯ ನಿಲ್ಲಲು ಒಂದೆರಡು ದಿನ ಸಾಕು.
- ದೊಡ್ಡ ಎದೆಯ ನಾಯಿ ವಾಂತಿಗೆ ಹವಣಿಸುತ್ತಿದೆ, ಏನೂ ಹೊರಬರುತ್ತಿಲ್ಲ, ಹೊಟ್ಟೆ ಬಿಗಿದು ಉಬ್ಬುತ್ತಿದೆ, ನಿಂತಲ್ಲಿ ನಿಲ್ಲುತ್ತಿಲ್ಲ. ಜಠರ ತಿರುಚಿಕೊಂಡಿರಬಹುದು.
- ಮೊಲ 12 ಗಂಟೆಯಿಂದ ತಿಂದಿಲ್ಲ, ಹಿಕ್ಕೆ ಹಾಕಿಲ್ಲ.
- ಹಕ್ಕಿ ಗರಿ ಉಬ್ಬಿಸಿ ಪಂಜರದ ತಳದಲ್ಲಿ ಕೂತಿದೆ, ಒಂದೊಂದು ಉಸಿರಿಗೂ ಬಾಲ ಮೇಲೆ ಕೆಳಗೆ ಆಡುತ್ತಿದೆ. ಹಕ್ಕಿಗಳು ಕಾಯಿಲೆಯನ್ನು ಕೊನೆಯವರೆಗೂ ಮುಚ್ಚಿಡುತ್ತವೆ, ಹಾಗಾಗಿ ನಿಮಗೆ ಕಂಡಿತೆಂದರೆ ಆಗಲೇ ತಡವಾಗಿದೆ ಎಂದೇ ಲೆಕ್ಕ.
- ಯಾವುದೇ ಸಸ್ತನಿ ದಿಢೀರನೆ ಬೇರೆಯೇ ಪ್ರಾಣಿಯಾಗಿದೆ: ಸಾಧುವಾಗಿದ್ದದ್ದು ಮೇಲೆ ಬೀಳುತ್ತಿದೆ, ಇಲ್ಲವೇ ಹತ್ತಿರ ಸುಳಿಯದಿದ್ದದ್ದು ಮೈಮೇಲೆ ಬರುತ್ತಿದೆ. ಧ್ವನಿ ಬದಲಾಗಿದೆ, ದವಡೆ ಜೋತುಬಿದ್ದಿದೆ, ಜೊಲ್ಲು ಸುರಿಯುತ್ತಿದೆ. ಮೊದಲು ನೆನಪಾಗಬೇಕಾದದ್ದು ರೇಬಿಸ್.

ಕೊನೆಯದರ ಬಗ್ಗೆ ಇನ್ನೆರಡು ಮಾತು. ಜೊಲ್ಲು ಸುರಿಸುತ್ತಿರುವ ಹಸು ಅಥವಾ ನಾಯಿಯ ಗಂಟಲಲ್ಲಿ ಏನೋ ಸಿಕ್ಕಿಕೊಂಡಿದೆ ಎಂದು ಬಾಯಿಗೆ ಕೈ ಹಾಕಬೇಡಿ. ಈಗಾಗಲೇ ಹಾಕಿದ್ದರೆ, ಕಚ್ಚಿಸಿಕೊಂಡಿದ್ದರೆ, ಪರಚಿಸಿಕೊಂಡಿದ್ದರೆ ಸೋಪು ಹಚ್ಚಿ ಹರಿಯುವ ನೀರಿನಲ್ಲಿ 15 ನಿಮಿಷ ತೊಳೆದು ಅಂದೇ ವೈದ್ಯರನ್ನು ಕಂಡು ಲಸಿಕೆಯ ವಿಷಯ ಕೇಳಿ. ಲಕ್ಷಣ ಶುರುವಾದ ಮೇಲೆ ಈ ಕಾಯಿಲೆಯಿಂದ ಬದುಕಿ ಉಳಿದವರು ಇಲ್ಲವೆನ್ನುವಷ್ಟು ವಿರಳ.

ಮೊದಲ ಪ್ರಶ್ನೆ: ಯಾವಾಗಿನಿಂದ?

ಮರಿಯಾಗಿದ್ದಾಗಿನಿಂದ ಇರುವ ಅಭ್ಯಾಸ ಬೇರೆ, ಆರು ವರ್ಷ ಸರಿಯಾಗಿದ್ದು ಈಗ ಶುರುವಾದದ್ದು ಬೇರೆ. ಎರಡನೆಯದರಲ್ಲಿ ಮೈಯ ಮೇಲೆ ಅನುಮಾನ ಬಲವಾಗಬೇಕು. ಪಟಾಕಿ, ಗುಡುಗಿಗೆ ಹೆದರುವ ನಾಯಿಗಳನ್ನೇ ತೆಗೆದುಕೊಳ್ಳಿ. 2018ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಸದ್ದಿಗೆ ಹೆದರುವ 20 ನಾಯಿಗಳನ್ನು ಹೋಲಿಸಿದ್ದರು. ಮೂಳೆ-ಕೀಲಿನ ನೋವಿದ್ದವುಗಳಲ್ಲಿ ಹೆದರಿಕೆ ಶುರುವಾದದ್ದು ನೋವಿಲ್ಲದವುಗಳಿಗಿಂತ ಸರಾಸರಿ ನಾಲ್ಕು ವರ್ಷದಷ್ಟು ತಡವಾಗಿ. ಬೆಚ್ಚಿದಾಗ ಸ್ನಾಯುಗಳು ಬಿಗಿಯುತ್ತವೆ, ಬಿಗಿದ ಸ್ನಾಯು ಹಾಳಾದ ಕೀಲನ್ನು ಎಳೆಯುತ್ತದೆ. ಸದ್ದು ಬಂದಾಗಲೆಲ್ಲ ನೋವಾದರೆ ನಾಯಿ ಸದ್ದಿಗೇ ಹೆದರಲು ಕಲಿಯುತ್ತದೆ. ಏಳನೇ ವಯಸ್ಸಿನಲ್ಲಿ ಹೊಸದಾಗಿ ಗುಡುಗಿಗೆ ನಡುಗತೊಡಗಿದ ನಾಯಿಯ ಸೊಂಟ ಮುಟ್ಟಿ ನೋಡದೆ ನಿದ್ದೆ ಮಾತ್ರೆ ಕೊಡುವುದು ಅರ್ಧ ಕೆಲಸ.

ಉತ್ತರಗಳನ್ನು ಬಾಯಲ್ಲಿ ಹೇಳಬೇಡಿ, ಬರೆದಿಡಿ. ಆಗುವ ಮುಂಚೆ ಏನು ನಡೆಯಿತು, ಪ್ರಾಣಿ ನಿಖರವಾಗಿ ಏನು ಮಾಡಿತು, ಆದ ಕೂಡಲೇ ಮನೆಯವರು ಏನು ಮಾಡಿದರು. “ಸಿಟ್ಟು ಮಾಡಿಕೊಂಡಿತು” ಎಂಬುದು ಟಿಪ್ಪಣಿಯಲ್ಲ. “ಮಲಗಿದ್ದಾಗ ಬೆನ್ನ ಹಿಂಭಾಗ ಸವರಿದೆ, ತಲೆ ತಿರುಗಿಸಿ ತುಟಿ ನೆಕ್ಕಿತು, ಕೈ ತೆಗೆಯಲಿಲ್ಲ, ಗುರ್ರೆಂದಿತು” ಎಂಬುದು ಟಿಪ್ಪಣಿ. ಎರಡನೆಯದನ್ನು ಓದಿದ ವೈದ್ಯರಿಗೆ ಎಲ್ಲಿ ಕೈಯಿಡಬೇಕೆಂದು ಅರ್ಧ ಗೊತ್ತಾಗಿರುತ್ತದೆ.

ಮೊಬೈಲಿನಲ್ಲಿ ಒಂದು ನಿಮಿಷದ ವಿಡಿಯೊ ಕೂಡ ಇರಲಿ. ಮನೆಯಲ್ಲಿ ಕುಂಟುವ ನಾಯಿ ಆಸ್ಪತ್ರೆಯ ಹೊಸ್ತಿಲು ದಾಟಿದ ಕೂಡಲೇ ನಾಲ್ಕೂ ಕಾಲಿನಲ್ಲಿ ನೆಟ್ಟಗೆ ನಡೆಯುತ್ತದೆ. ಹೆದರಿಕೆಯ ಅಡ್ರಿನಲಿನ್ ಅದಕ್ಕೆ ನೋವು ಮರೆಸಿರುತ್ತದೆ. ಜೊತೆಗೆ ಒಂದು ಎಣಿಕೆ: ಗಾಢ ನಿದ್ದೆಯಲ್ಲಿರುವಾಗ ಎದೆ ಎಷ್ಟು ಸಲ ಏರಿತು ಎಂದು 30 ಸೆಕೆಂಡ್ ಎಣಿಸಿ ಎರಡರಿಂದ ಗುಣಿಸಿ. ನಾಯಿ, ಬೆಕ್ಕು ಎರಡರಲ್ಲೂ ಅದು ನಿಮಿಷಕ್ಕೆ 30ರ ಒಳಗಿರಬೇಕು. ಪದೇಪದೇ ಮೇಲಿದ್ದರೆ, “ಸೋಮಾರಿಯಾಗಿದೆ, ವಾಕಿಂಗ್ ಬೇಡ ಅನ್ನುತ್ತದೆ” ಎಂಬ ದೂರಿನ ಹಿಂದೆ ಹೃದಯವಿದೆಯೇ ಎಂದು ನೋಡಿಸಿ.

ದೋಷ: ಬೆಕ್ಕು ತಟ್ಟೆ ಬಿಟ್ಟು ಕಂಡಕಂಡಲ್ಲಿ ಉಚ್ಚೆ ಹೊಯ್ಯುತ್ತದೆ

ಇದು ಬೆಕ್ಕು ಸಾಕಿದವರ ಬಲು ದೊಡ್ಡ ದೂರು. ಬೆಕ್ಕನ್ನು ಹೊರಹಾಕುವಷ್ಟು ಬೇಸರ ತರಿಸುವುದೂ ಇದೇ. ಪತ್ತೆಗೆ ಮೊದಲ ಸುಳಿವು ಭಂಗಿ.

ನಿಂತುಕೊಂಡು, ಬಾಲ ನೆಟ್ಟಗೆ ಎತ್ತಿ ನಡುಗಿಸುತ್ತಾ ಗೋಡೆಗೋ ಪರದೆಗೋ ಚಿಮ್ಮಿಸಿದರೆ ಅದು ಗಡಿ ಗುರುತು. ಸಂತಾನಹರಣ ಆಗಿದೆಯೇ, ಹೊರಗಿನ ಬೆಕ್ಕು ಕಿಟಕಿಯಲ್ಲಿ ಕಾಣಿಸುತ್ತಿದೆಯೇ ನೋಡಿ. ಕುಕ್ಕರಗಾಲಲ್ಲಿ ಕೂತು, ಚೂರುಚೂರೇ, ದಿನಕ್ಕೆ ಹಲವು ಸಲ, ಅದರಲ್ಲೂ ತಣ್ಣನೆಯ ನುಣುಪು ಜಾಗದಲ್ಲಿ ಹೊಯ್ದು, ಮುಗಿಸಿದ ಮೇಲೆ ಅಲ್ಲೇ ಕೂತು ನೆಕ್ಕಿಕೊಂಡರೆ ಮೂತ್ರಕೋಶ ಉರಿಯುತ್ತಿದೆ. ಬಣ್ಣ ತುಸು ಗುಲಾಬಿಯಾಗಿದ್ದರೆ ರಕ್ತ. ಒಮ್ಮೆಲೇ ದೊಡ್ಡ ಮಡು ಮಾಡಿ, ನೀರನ್ನೂ ಹೆಚ್ಚು ಕುಡಿಯುತ್ತಿದ್ದರೆ ಮೂತ್ರಪಿಂಡ, ಸಕ್ಕರೆ ಕಾಯಿಲೆ, ಥೈರಾಯ್ಡ್ ಈ ಮೂರನ್ನು ಪರೀಕ್ಷಿಸಬೇಕು. ಇನ್ನೊಂದು ಬಗೆಯನ್ನು ಜನ ಗಮನಿಸುವುದೇ ಇಲ್ಲ: ತಟ್ಟೆಯ ತನಕ ಹೋಗುತ್ತದೆ, ಪಕ್ಕದಲ್ಲಿ ಹೊಯ್ಯುತ್ತದೆ. ತಟ್ಟೆಯ ಅಂಚು ಎತ್ತರ, ಮೊಣಕಾಲು ಮಡಚಲು ನೋವು. 12 ವರ್ಷ ದಾಟಿದ 100 ಬೆಕ್ಕುಗಳ ಎಕ್ಸ್-ರೇಗಳನ್ನು ನೋಡಿದ 2002ರ ಅಧ್ಯಯನದಲ್ಲಿ 90ರಲ್ಲಿ ಕೀಲು ಸವೆತ ಕಂಡಿತ್ತು. ಬೆಕ್ಕು ನಾಯಿಯ ಹಾಗೆ ಕುಂಟುವುದು ಕಡಿಮೆ. ಜಿಗಿಯುವುದನ್ನು ಬಿಡುತ್ತದೆ, ಬೆನ್ನ ಹಿಂಭಾಗ ನೆಕ್ಕಿಕೊಳ್ಳದೆ ಕೂದಲು ಗಂಟುಗಟ್ಟುತ್ತದೆ, ಅಷ್ಟೇ. ಒಂದು ಕಡೆ ಅಂಚು ಕತ್ತರಿಸಿದ ತಟ್ಟೆ ಇಟ್ಟು ನೋಡಿ. ತೊಂದರೆ ಅಲ್ಲಿಗೇ ನಿಂತರೆ ದೋಷ ಕೀಲಿನದು.

ಉರಿಮೂತ್ರದ ಬೆಕ್ಕಿಗೆ ಮೂತ್ರ ಪರೀಕ್ಷೆ, ಕಲ್ಲಿಗಾಗಿ ಎಕ್ಸ್-ರೇ ಅಥವಾ ಸ್ಕ್ಯಾನ್ ಆಗಬೇಕು. ಎಳೆ ಮತ್ತು ನಡುವಯಸ್ಸಿನ ಬೆಕ್ಕಿನಲ್ಲಿ ಬ್ಯಾಕ್ಟೀರಿಯಾ ಸೋಂಕು ಸಿಗುವುದು ಅಪರೂಪ. ಬಹುಪಾಲು ಸಲ ಸಿಗುವುದು ಸೋಂಕೂ ಇಲ್ಲದ, ಕಲ್ಲೂ ಇಲ್ಲದ ಮೂತ್ರಕೋಶದ ಉರಿಯೂತ. ಇಲ್ಲೇ ಒಂದು ಮೋಸ ಇದೆ. ಈ ಉರಿಯೂತ ಏನೂ ಮಾಡದಿದ್ದರೂ ಹೆಚ್ಚಾಗಿ ಒಂದು ವಾರದಲ್ಲಿ ತಾನೇ ಇಳಿಯುತ್ತದೆ. ಆ ವಾರ ಆಂಟಿಬಯಾಟಿಕ್ ಕೊಟ್ಟಿದ್ದರೆ ಮದ್ದು ಗೆದ್ದಂತೆ ಕಾಣುತ್ತದೆ. ಎರಡು ತಿಂಗಳಿಗೆ ಅದೇ ಕಾಟ ಮರಳಿದಾಗ ಅದೇ ಮದ್ದು ಮತ್ತೆ ಬರುತ್ತದೆ.

ಅಮೆರಿಕದ ಒಹಾಯೊ ಸ್ಟೇಟ್ ವಿಶ್ವವಿದ್ಯಾಲಯದ ಟೋನಿ ಬಫಿಂಗ್ಟನ್ ಈ ಕಾಯಿಲೆಯ ಬೆನ್ನು ಹತ್ತಿ, ಇದು ಬರೀ ಮೂತ್ರಕೋಶದ್ದಲ್ಲ, ಒತ್ತಡಕ್ಕೆ ಇಡೀ ದೇಹ ಸ್ಪಂದಿಸುವ ರೀತಿಯದು ಎಂದು ತೋರಿಸಿದವರು. 2011ರಲ್ಲಿ ಅವರ ತಂಡ 32 ಬೆಕ್ಕುಗಳನ್ನು 77 ವಾರ ಗಮನಿಸಿತು. ಆರೈಕೆ ಮಾಡುವವರು ಬದಲಾದಾಗ, ದಿನಚರಿ ತಪ್ಪಿದಾಗ ರೋಗವಿದ್ದ ಬೆಕ್ಕುಗಳಷ್ಟೇ ಅಲ್ಲ, ಆರೋಗ್ಯವಂತ ಬೆಕ್ಕುಗಳೂ ವಾಂತಿ ಮಾಡಿದವು, ಊಟ ಬಿಟ್ಟವು, ತಟ್ಟೆಯ ಹೊರಗೆ ಹೊಯ್ದವು. ಮನೆಗೆ ಹೊಸಬರು ಬಂದರೆ, ಪೀಠೋಪಕರಣ ಜರುಗಿದರೆ ಬೆಕ್ಕು “ಸೇಡು” ತೀರಿಸಿಕೊಳ್ಳುತ್ತದೆ ಎನ್ನುವುದರ ಅಸಲಿ ಕಥೆ ಇದು.

ಹಾಗಾಗಿ ಪರಿಹಾರದ ಅರ್ಧ ಭಾಗ ಮದ್ದಿನ ಡಬ್ಬಿಯಲ್ಲಿಲ್ಲ. ಬೆಕ್ಕುಗಳ ಸಂಖ್ಯೆಗಿಂತ ಒಂದು ತಟ್ಟೆ ಹೆಚ್ಚಿರಲಿ, ಬೇರೆಬೇರೆ ಕಡೆ ಇರಲಿ (ಸಾಲಾಗಿ ಇಟ್ಟ ಮೂರು ತಟ್ಟೆ ಬೆಕ್ಕಿನ ಲೆಕ್ಕದಲ್ಲಿ ಒಂದೇ). ಸುವಾಸನೆ ಇಲ್ಲದ ಮರಳು, ದಿನಾ ಶುಚಿ. ಅಡಗಲು ಜಾಗ, ಏರಲು ಎತ್ತರ, ನಿಗದಿತ ಹೊತ್ತಿಗೆ ಊಟ, ಹೊಟ್ಟೆಗೆ ಹೆಚ್ಚು ನೀರು. ಹೊಯ್ದ ಜಾಗವನ್ನು ಕಿಣ್ವವಿರುವ ಕ್ಲೀನರಿನಿಂದ ಒರೆಸಿ. ಅಮೋನಿಯಾ ಇರುವ ದ್ರಾವಣ ಬಳಸಿದರೆ ಉಚ್ಚೆಯ ವಾಸನೆಗೆ ವಾಸನೆ ಸೇರಿಸಿದಂತೆ.

ದೋಷ: ಸಾಧು ನಾಯಿ ಗುರ್ರೆನ್ನುತ್ತದೆ, ಕಚ್ಚಲು ಬರುತ್ತದೆ

“ಯಾವ ಮುನ್ಸೂಚನೆಯೂ ಇಲ್ಲದೆ” ಎಂದು ಎಲ್ಲರೂ ಹೇಳುತ್ತಾರೆ. ವಿಡಿಯೊ ನಿಧಾನಕ್ಕೆ ಓಡಿಸಿ ನೋಡಿದರೆ ಸೂಚನೆಗಳ ಸಾಲೇ ಇರುತ್ತದೆ. ಮುಖ ಪಕ್ಕಕ್ಕೆ ತಿರುಗುತ್ತದೆ, ಹಸಿವಿಲ್ಲದಿದ್ದರೂ ತುಟಿ ನೆಕ್ಕುತ್ತದೆ, ನಿದ್ದೆ ಇಲ್ಲದಿದ್ದರೂ ಆಕಳಿಸುತ್ತದೆ, ಕಣ್ಣಿನ ಬಿಳಿ ಅಂಚು ಕಾಣುತ್ತದೆ, ಮೈ ಒಂದು ಕ್ಷಣ ಕಲ್ಲಾಗುತ್ತದೆ. ಗುರ್ರೆನ್ನುವುದು ಇವೆಲ್ಲ ವಿಫಲವಾದ ಮೇಲೆ. ಅದಕ್ಕೆ ಹೊಡೆದರೆ ನಾಯಿ ಗುರ್ರೆನ್ನುವುದನ್ನು ಬಿಟ್ಟು ನೇರ ಕಚ್ಚುವುದನ್ನು ಕಲಿಯುತ್ತದೆ, ಏಕೆಂದರೆ ನೀವು ತೆಗೆದದ್ದು ನೋವನ್ನಲ್ಲ, ಎಚ್ಚರಿಕೆಯ ಗಂಟೆಯನ್ನು.

ನೋವನ್ನು ಹುಡುಕಲು ನಾಯಿ ಸೋಫಾ ಹತ್ತುವುದನ್ನು ನೋಡಿ. ಸರಿಯಿರುವ ನಾಯಿ ಯೋಚಿಸದೆ ಹಾರುತ್ತದೆ. ನೋವಿರುವ ನಾಯಿ ಹತ್ತಿರ ಬಂದು ನಿಲ್ಲುತ್ತದೆ, ಭಾರವನ್ನು ಮುಂಗಾಲಿಗೆ ಸರಿಸುತ್ತದೆ, ಹಿಂಗಾಲು ಎರಡು ಸಲ ಹೆಜ್ಜೆ ಬದಲಿಸುತ್ತದೆ, ಆಮೇಲೆ ಮುಂಗಾಲು ಇಟ್ಟು ಮೈಯನ್ನು ಎಳೆದುಕೊಳ್ಳುತ್ತದೆ. ಇಲ್ಲವೇ ಹತ್ತುವುದೇ ಬೇಡವೆಂದು ನೆಲದಲ್ಲಿ ಮಲಗುತ್ತದೆ, ಮನೆಯವರು “ಈಗ ಬುದ್ಧಿ ಬಂದಿದೆ” ಎಂದು ಮೆಚ್ಚುತ್ತಾರೆ! ಕೂರುವಾಗ ಒಂದು ಹಿಂಗಾಲು ಹೊರಗೆ ಚಾಚುತ್ತದೆಯೇ ನೋಡಿ. ಮೆಟ್ಟಿಲು ಹತ್ತಲು ತಡವರಿಸಿದರೆ ಹಿಂಗಾಲು, ಇಳಿಯಲು ತಡವರಿಸಿದರೆ ಮುಂಗಾಲಿನ ಮೇಲೆ ಅನುಮಾನ ಹೆಚ್ಚು. ಮುರಿದ ಹಲ್ಲು, ಕಿವಿಯೊಳಗಿನ ಸೋಂಕು, ಬೆನ್ನುಮೂಳೆ, ಗುದಗ್ರಂಥಿ ಈ ನಾಲ್ಕು ಜಾಗ ಅವಸರದ ಪರೀಕ್ಷೆಯಲ್ಲಿ ತಪ್ಪಿಹೋಗುತ್ತವೆ. ನೀವೇ ಕೇಳಿ ನೋಡಿಸಿ.

ಎಕ್ಸ್-ರೇ ಸ್ವಚ್ಛ, ಅನುಮಾನ ಹೋಗಿಲ್ಲ ಎಂದಾದರೆ ವೈದ್ಯರು ಕೆಲವು ವಾರ ನೋವಿನ ಮದ್ದು ಕೊಟ್ಟು ನೋಡಬಹುದು. ವರ್ತನೆ ಬದಲಾದರೆ ಅದೇ ರೋಗಪತ್ತೆ. ಇದನ್ನು ಮನೆಯಲ್ಲಿರುವ ಮಾತ್ರೆಯಿಂದ ಮಾಡಬೇಡಿ. ಒಂದೇ ಒಂದು ಪ್ಯಾರಾಸಿಟಮಾಲ್ ಮಾತ್ರೆ ಬೆಕ್ಕನ್ನು ಕೊಲ್ಲಬಲ್ಲದು, ಐಬುಪ್ರೊಫೆನ್ ನಾಯಿಯ ಜಠರದಲ್ಲಿ ಹುಣ್ಣು ಮಾಡಿ ಮೂತ್ರಪಿಂಡ ಕೆಡಿಸುತ್ತದೆ. ಮದ್ದಿನಿಂದ ಅರ್ಧ ಗುಣವಾಗಿ ನಿಂತುಬಿಟ್ಟರೆ ಪತ್ತೆ ತಪ್ಪೆಂದಲ್ಲ. ನೋವು ಹೋದರೂ ನೋವಿನ ಕಾಲದಲ್ಲಿ ಕಲಿತ ಹೆದರಿಕೆ ಉಳಿದಿರುತ್ತದೆ. ಅದನ್ನು ಬಹುಮಾನ ಕೊಟ್ಟು ಕಲಿಸುವ ತರಬೇತಿಯಿಂದ ಕಳಚಬೇಕು. ಆಕ್ರಮಣಕಾರಿ ನಾಯಿಗೂ ಇದೇ ಸರಿ, ಶಾಕ್ ಕೊಡುವ ಕೊರಳಪಟ್ಟಿ ಅಲ್ಲ, ಎಂಬುದು ಅಮೆರಿಕದ ಪಶುವೈದ್ಯ ವರ್ತನಾ ಸಂಘ 2021ರಲ್ಲಿ ಹೇಳಿದ ಮಾತು.

ಮುಖ ನೋಡಿ ನೋವು ಅಳೆಯುವ ಪದ್ಧತಿಗಳೂ ಈಗ ಇವೆ. ಮಾಂಟ್ರಿಯಲ್ ವಿಶ್ವವಿದ್ಯಾಲಯದ ತಂಡ 2019ರಲ್ಲಿ ಬೆಕ್ಕಿಗಾಗಿ ರೂಪಿಸಿದ ಮಾಪಕದಲ್ಲಿ ಕಿವಿ, ಕಣ್ಣು, ಮೂತಿ, ಮೀಸೆ, ತಲೆಯ ಮಟ್ಟ ಈ ಐದಕ್ಕೆ 0ಯಿಂದ 2 ಅಂಕ. ಒಟ್ಟು 10ರಲ್ಲಿ 4 ಮುಟ್ಟಿದರೆ ನೋವಿನ ಮದ್ದು ಬೇಕು. ಕುದುರೆಗೆ ಬ್ರಿಟನ್ನಿನ ಪಶುವೈದ್ಯೆ ಸ್ಯೂ ಡೈಸನ್ ಮಾಡಿದ ಪಟ್ಟಿಯಲ್ಲಿ ಸವಾರಿಯ ವೇಳೆಯ 24 ವರ್ತನೆಗಳಿವೆ. 8 ಅಥವಾ ಹೆಚ್ಚು ಕಂಡರೆ ಆ “ಹಟಮಾರಿ” ಕುದುರೆಗೆ ಎಲ್ಲೋ ನೋಯುತ್ತಿರುವ ಸಾಧ್ಯತೆ ದಟ್ಟ.

ದೋಷ: ವಯಸ್ಸಾದ ಪ್ರಾಣಿ ರಾತ್ರಿಯಿಡೀ ಕೂಗುತ್ತದೆ, ಅಲೆಯುತ್ತದೆ

ಬೆಕ್ಕಾದರೆ ಥೈರಾಯ್ಡ್ ಮತ್ತು ರಕ್ತದೊತ್ತಡ ಮೊದಲು. ಚೆನ್ನಾಗಿ ತಿಂದರೂ ಸೊರಗುತ್ತಾ, ಕೂತಲ್ಲಿ ಕೂರದೆ, ನಡುರಾತ್ರಿ ಊಳಿಡುವ ಮುದಿ ಬೆಕ್ಕಿಗೆ ಥೈರಾಯ್ಡ್ ಹೆಚ್ಚಾಗಿದೆಯೆಂದು ಪಣ ಕಟ್ಟಬಹುದು. ರಕ್ತದೊತ್ತಡ ಪದೇಪದೇ 160 ದಾಟಿದರೆ ಕಣ್ಣು, ಮೆದುಳಿಗೆ ಅಪಾಯ. ಕೆಲವು ಬೆಕ್ಕುಗಳು ಒಂದೇ ರಾತ್ರಿಯಲ್ಲಿ ಕುರುಡಾಗುತ್ತವೆ.

ನಾಯಿಯಾದರೆ ಮರೆವಿನ ಕಾಯಿಲೆ ನೆನಪಾಗಲಿ. 2001ರ ಒಂದು ಅಧ್ಯಯನದಲ್ಲಿ 11-12 ವರ್ಷದ ನಾಯಿಗಳ ಶೇ. 28ರಲ್ಲಿ, 15-16 ವರ್ಷದವುಗಳ ಶೇ. 68ರಲ್ಲಿ ಇದರ ಒಂದಾದರೂ ಲಕ್ಷಣವಿತ್ತು. ಬಾಗಿಲು ತೆರೆಯುವ ಕಡೆ ಬಿಟ್ಟು ಕೀಲಿರುವ ಕಡೆ ನಿಂತು ಕಾಯುವುದು, ಮೂಲೆಯಲ್ಲಿ ಸಿಕ್ಕಿಕೊಂಡು ಹಿಂದೆ ಸರಿಯಲು ತಿಳಿಯದಿರುವುದು ಇದರದೇ ಗುರುತು. ಆದರೆ ಈ ಹೆಸರು ಹಚ್ಚುವುದು ನೋವು, ಕಿವುಡು, ಕುರುಡು, ಮೂತ್ರದ ಕಾಯಿಲೆ ಎಲ್ಲ ದಾಟಿದ ಮೇಲೆ. ಈಗ ಕೊಡುತ್ತಿರುವ ಮದ್ದಿನ ಪಟ್ಟಿಯನ್ನೂ ನೋಡಿ: ಪ್ರೆಡ್ನಿಸೊಲೋನ್‌ನಂಥ ಸ್ಟೀರಾಯ್ಡ್ ತಾನೇ ಬಾಯಾರಿಕೆ, ಮೂತ್ರ, ಚಡಪಡಿಕೆ ಮೂರನ್ನೂ ಹೆಚ್ಚಿಸುತ್ತದೆ.

ದೋಷ: ನೆಲ, ಗೋಡೆ ನೆಕ್ಕುತ್ತದೆ, ಇಲ್ಲದ ನೊಣ ಹಿಡಿಯುತ್ತದೆ

ಗೀಳು ಎಂದು ಬರೆಯುವ ಮೊದಲು ಹೊಟ್ಟೆ ನೋಡಿಸಿ. ಮಾಂಟ್ರಿಯಲ್‌ನಲ್ಲೇ 2012ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ನೆಲ-ಗೋಡೆ ನೆಕ್ಕುವ 19 ನಾಯಿಗಳ ಪೈಕಿ 14ರ ಜಠರ-ಕರುಳಿನಲ್ಲಿ ದೋಷ ಸಿಕ್ಕಿತು. ಗಾಳಿಯಲ್ಲಿ ನೊಣ ಹಿಡಿಯುತ್ತಿದ್ದ 7 ನಾಯಿಗಳನ್ನು ನೋಡಿದ ಇನ್ನೊಂದರಲ್ಲಿ ಏಳಕ್ಕೂ ಹೊಟ್ಟೆಯ ತೊಂದರೆ ಇತ್ತು. ಸಂಖ್ಯೆ ಚಿಕ್ಕದು, ಆದರೆ ದಿಕ್ಕು ಸ್ಪಷ್ಟ. ಅಪಸ್ಮಾರವನ್ನೂ ತಳ್ಳಿಹಾಕಬೇಡಿ.

ದೋಷ: ಹಸು ಒದೆಯುತ್ತದೆ, ಮೇವು ಬಿಡುತ್ತದೆ, ಕಂಡದ್ದನ್ನು ನೆಕ್ಕುತ್ತದೆ

ಹಸುವಿನ ವರ್ತನೆ ಗಂಟೆಯ ಲೆಕ್ಕದಲ್ಲಿ ಓದಬೇಕಾದದ್ದು. ಆರೋಗ್ಯವಂತ ಹಾಲಿನ ಹಸು ದಿನಕ್ಕೆ 10ರಿಂದ 12 ಗಂಟೆ ಮಲಗುತ್ತದೆ, ಏಳೆಂಟು ಗಂಟೆ ಮೆಲುಕು ಹಾಕುತ್ತದೆ. ಜ್ವರ ಏರುವ, ಹಾಲು ಇಳಿಯುವ ಮೊದಲೇ ಮೆಲುಕು ಇಳಿಯುವುದುಂಟು. ಕೊರಳಪಟ್ಟಿಯ ಸೆನ್ಸರ್‌ಗಳು ಎಣಿಸುವುದು ಇದನ್ನೇ. ಸೆನ್ಸರ್ ಇಲ್ಲದಿದ್ದರೆ ಕೊಟ್ಟಿಗೆಯಲ್ಲಿ ಮಲಗಿದವುಗಳಲ್ಲಿ ಯಾವುದರ ದವಡೆ ಆಡುತ್ತಿಲ್ಲ ಎಂದು ಕಣ್ಣಾಡಿಸಿದರೂ ಆಯಿತು.

ಒದೆಯುವ ಹಸುವಿನ ಮೊಲೆತೊಟ್ಟಿನಲ್ಲಿ ಬಿರುಕು, ಹಾಲಿನಲ್ಲಿ ಗರಣೆ, ಕೆಚ್ಚಲಿನ ಒಂದು ಭಾಗದಲ್ಲಿ ಬಿಸಿ ನೋಡಿ. ನಡೆಸಿ ನೋಡಿ: ನಿಂತಾಗ ಬೆನ್ನು ನೇರವಿದ್ದು ನಡೆಯುವಾಗ ಬಿಲ್ಲಾದರೆ ಗೊರಸಿನ ತೊಂದರೆ ಆರಂಭವಾಗಿದೆ. ಕುಂಟು ಕಣ್ಣಿಗೆ ಬೀಳುವುದು ಇನ್ನೂ ಮುಂದೆ. ಕರು ಹಾಕಿದ ಮೊದಲ ಕೆಲವು ವಾರಗಳಲ್ಲಿ ಹಸು ಸರಳನ್ನು ಕಚ್ಚುತ್ತಾ, ತನ್ನ ಮೈಯನ್ನೇ ಒಂದೇ ಸಮನೆ ನೆಕ್ಕುತ್ತಾ, ಸುತ್ತು ಹಾಕುತ್ತಾ, ಬೊಬ್ಬಿಡುತ್ತಿದ್ದರೆ ಕೀಟೋಸಿಸ್ (ಶಕ್ತಿ ಸಾಲದೆ ಮೈಯ ಕೊಬ್ಬು ಕರಗಿ ರಕ್ತದಲ್ಲಿ ಕೀಟೋನ್ ಏರುವ ಕಾಯಿಲೆ) ಇರಬಹುದು. ಮೂತ್ರ ಅಥವಾ ರಕ್ತದ ಪರೀಕ್ಷೆಯಲ್ಲಿ ಬೇಗ ಗೊತ್ತಾಗುತ್ತದೆ. ಆದರೆ ರೇಬಿಸ್ ಕೂಡ ಹೀಗೇ ಕಾಣುವುದರಿಂದ ಕೈಗವಸು ಹಾಕಿಯೇ ಹತ್ತಿರ ಹೋಗಬೇಕು. ಮೂಳೆ, ಮಣ್ಣು ಅಗಿಯುವ ಹಸುವಿಗೆ ರಂಜಕ ಕಡಿಮೆಯಾಗಿರಬಹುದು, ಮೂಳೆಯಿಂದ ಬಾಟುಲಿಸಂ ವಿಷ ಹತ್ತುವ ಅಪಾಯ ಬೇರೆ.

ಅಳತೆಯೇ ತಪ್ಪುತ್ತಿದ್ದರೆ

ಆಸ್ಪತ್ರೆಯ ಭಯ ರಿಪೋರ್ಟ್‌ಗಳನ್ನೂ ಕೆಡಿಸುತ್ತದೆ. ಹೆದರಿದ ಬೆಕ್ಕಿನ ರಕ್ತದ ಸಕ್ಕರೆ ಮಧುಮೇಹಿಯ ಮಟ್ಟಕ್ಕೆ ಏರಬಲ್ಲದು. ಆ ಒಂದು ಸಂಖ್ಯೆ ನಂಬಿ ಇನ್ಸುಲಿನ್ ಶುರುಮಾಡುವ ಬದಲು, ಹಿಂದಿನ ಒಂದೆರಡು ವಾರಗಳ ಸರಾಸರಿ ತೋರಿಸುವ ಫ್ರಕ್ಟೋಸಮಿನ್ ಪರೀಕ್ಷೆ ಕೇಳಿ. ರಕ್ತದೊತ್ತಡವನ್ನು ಕೋಣೆಗೆ ಬಂದು ಐದು-ಹತ್ತು ನಿಮಿಷ ಸುಧಾರಿಸಿಕೊಂಡ ಮೇಲೆ ತೆಗೆಯಬೇಕು, ಮೊದಲ ಅಳತೆ ಬಿಡಬೇಕು. ಬಿಗಿಹಿಡಿದ ಹೊಟ್ಟೆಯನ್ನು ಒತ್ತಿ ನೋವಿದೆಯೇ ಎಂದು ನೋಡುವುದು ವ್ಯರ್ಥ.

ಪರಿಹಾರ ಮನೆಯಿಂದಲೇ ಶುರುವಾಗುತ್ತದೆ. ಬೆಕ್ಕನ್ನು ಒಯ್ಯುವ ಬುಟ್ಟಿಯನ್ನು ಹೊರಡುವ ದಿನ ಅಟ್ಟದಿಂದ ಇಳಿಸಬೇಡಿ, ವಾರಗಟ್ಟಲೆ ಮೊದಲೇ ಬಾಗಿಲು ತೆಗೆದು ಮೂಲೆಯಲ್ಲಿಡಿ, ಬೆಕ್ಕು ಅದರಲ್ಲೇ ನಿದ್ದೆ ಮಾಡಲಿ. ಮೇಲ್ಭಾಗ ಕಳಚಬಹುದಾದ ಬುಟ್ಟಿಯಾದರೆ ಬೆಕ್ಕನ್ನು ಹೊರಗೆಳೆಯದೆ ಒಳಗೇ ಪರೀಕ್ಷಿಸಬಹುದು. ಕತ್ತಿನ ಚರ್ಮ ಹಿಡಿದೆತ್ತಿದರೆ ಬೆಕ್ಕು ಸುಮ್ಮನಾಗುವುದು ಶಾಂತಿಯಿಂದಲ್ಲ. ಬಹಳ ಹೆದರುವ ಪ್ರಾಣಿಗೆ ಭೇಟಿಗೆ ಎರಡು-ಮೂರು ಗಂಟೆ ಮೊದಲು ಕೊಡಲು ಗ್ಯಾಬಪೆಂಟಿನ್‌ನಂಥ, ಭಯ ತಗ್ಗಿಸುವ ಮದ್ದನ್ನು ವೈದ್ಯರು ಬರೆದುಕೊಡಬಹುದು. ಮಂಪರು ತರಿಸುವ ಹಳೆಯ ಮದ್ದಾದ ಅಸೆಪ್ರೊಮಜಿನ್ ಒಂದನ್ನೇ ಕೊಟ್ಟರೆ ಮೈ ಸೋಲುತ್ತದೆಯೇ ಹೊರತು ಭಯ ಹಾಗೇ ಇರುತ್ತದೆ, ಓಡಲಾಗದಿರುವುದಷ್ಟೇ ವ್ಯತ್ಯಾಸ.

ಮೈಯಲ್ಲಿ ಏನೂ ಸಿಗದಿದ್ದರೆ

ಆಗ ವರ್ತನೆಯ ಚಿಕಿತ್ಸೆಗೆ ಧೈರ್ಯವಾಗಿ ಹೋಗಿ, ಅದೂ ವೈದ್ಯಕೀಯವೇ. ಒಂಟಿಯಾಗಿ ಬಿಟ್ಟರೆ ಮನೆ ಹಾಳುಮಾಡುವ ನಾಯಿಗೆ, ನೀವು ಹೊರಟ ಮೊದಲ ಅರ್ಧ ಗಂಟೆ ಕ್ಯಾಮೆರಾ ಇಟ್ಟು ನೋಡಿ. ಬೇಸರದ ನಾಯಿ ಮಲಗಿ, ಎದ್ದು, ಆಮೇಲೆ ಚಪ್ಪಲಿ ಹುಡುಕುತ್ತದೆ. ಅಗಲಿಕೆಯ ಆತಂಕದ ನಾಯಿ ಬಾಗಿಲು ಮುಚ್ಚಿದ ಕೆಲವೇ ನಿಮಿಷದಲ್ಲಿ ಜೊಲ್ಲು ಸುರಿಸಿ ಬಾಗಿಲನ್ನೇ ಕೆರೆಯುತ್ತದೆ. ಎರಡನೆಯದಕ್ಕೆ ಫ್ಲುಆಕ್ಸೆಟಿನ್, ಕ್ಲೊಮಿಪ್ರಮಿನ್ ಮದ್ದುಗಳಿವೆ. ಪೂರ್ತಿ ಕೆಲಸ ಕಾಣಲು ನಾಲ್ಕರಿಂದ ಎಂಟು ವಾರ ಬೇಕು, ತರಬೇತಿ ಜೊತೆಗಿದ್ದರೆ ಮಾತ್ರ ಫಲ. ಒಂದು ವಾರದಲ್ಲಿ ಬದಲಾವಣೆ ಇಲ್ಲವೆಂದು ನಿಲ್ಲಿಸಬೇಡಿ, ನಿಲ್ಲಿಸಲೇಬೇಕಾದರೂ ಒಮ್ಮೆಲೇ ಬೇಡ.

ಎಂಟು ವಾರ ಸರಿಯಾಗಿ ಮಾಡಿಯೂ ಟಿಪ್ಪಣಿಯಲ್ಲಿ ಏನೂ ಬದಲಾಗದಿದ್ದರೆ ಡೋಸು ಏರಿಸುವ ಮೊದಲು ದೈಹಿಕ ಪರೀಕ್ಷೆಯನ್ನು ಮತ್ತೆ ಮಾಡಿಸಿ. ಹೋಗುವಾಗ ಹಳೆಯ ವಿಡಿಯೊ, ಹೊಸ ವಿಡಿಯೊ ಎರಡೂ ಕೈಯಲ್ಲಿರಲಿ, ಮಲಗಿ ಏಳುವ ದೃಶ್ಯವಂತೂ ಇರಲೇಬೇಕು.